ಬೀಗ ತೆಗೆಯುವುದೋ, ವೇಷ ಬದಲಿಸುವುದೋ? ಹಳೆ ರೆಸ್ಲಿಂಗ್ ಗೇಮ್‌ಗಳ ಚೀಟ್ ಮತ್ತು ಮಾಡ್

ಶನಿವಾರ ಶಿರಸಿಯಿಂದ ಕಾರವಾರಕ್ಕೆ ಬಂದ ಅಕ್ಕನ ಮಗ ಭಾನುವಾರ ಸಂಜೆ ವಾಪಸ್ ಹೋಗಬೇಕಿತ್ತು. ಮಳೆ ಜೋರಾಯಿತು, ಜಿಲ್ಲಾಧಿಕಾರಿ ಎರಡು ದಿನ ಶಾಲೆಗೆ ರಜೆ ಕೊಟ್ಟರು, ಹುಡುಗ ಇಲ್ಲೇ ಉಳಿದ. ಹೊರಗೆ ಕಾಲಿಡುವ ಹಾಗಿಲ್ಲ. ಬೀಚ್ ಕಡೆ ಹೋಗುವ ಮಾತೇ ಇಲ್ಲ. ಸುಮ್ನೆ ಕೂತಿರಲಿ ಅಂತ ಕಂಪ್ಯೂಟರ್‌ನಲ್ಲಿ 2003ರ 'ಸ್ಮ್ಯಾಕ್‌ಡೌನ್! ಹಿಯರ್ ಕಮ್ಸ್ ದ ಪೇನ್' ಹಾಕಿಕೊಟ್ಟೆ. ಹತ್ತು ನಿಮಿಷ ಆಡಿ ಕೇಳಿದ: "ಮಾವ, ಇದ್ರಲ್ಲಿ ಖಲಿ ಎಲ್ಲಿ?"

"ಇಲ್ಲ ಮಾರಾಯ. ಖಲಿ ಡಬ್ಲ್ಯುಡಬ್ಲ್ಯುಇಗೆ ಬಂದದ್ದೇ 2006ರಲ್ಲಿ."

"ಹಾಗಾದ್ರೆ ಚೀಟ್ ಹಾಕು."

ಅಲ್ಲಿಂದ ಶುರುವಾಯಿತು. ಅವನಿಗೆ ಚೀಟ್, ಮಾಡ್, ಡೌನ್‌ಲೋಡ್ ಮಾಡಿದ ಸೇವ್ ಎಲ್ಲ ಒಂದೇ. ಅವನಿಗಷ್ಟೇ ಅಲ್ಲ, ನನ್ನ ವಯಸ್ಸಿನ ಬಹಳ ಜನರಿಗೂ ಹಾಗೆಯೇ. ಆದರೆ ಚೀಟ್ ಅನ್ನುವುದು ಡಿಸ್ಕ್ ಒಳಗೆ ಮೊದಲೇ ಇರುವುದನ್ನು ಮಾತ್ರ ಅಲ್ಲಾಡಿಸಬಲ್ಲದು. ಡಿಸ್ಕ್‌ನಲ್ಲಿ ಇಲ್ಲದ ಖಲಿಯನ್ನು ಯಾವ ಚೀಟೂ ತಂದುಕೊಡುವುದಿಲ್ಲ. ಹೊರಗಿನಿಂದ ತರುವುದು ಮಾಡ್‌ನ ಕೆಲಸ. ಹಾಗಾಗಿ ಯಾವುದು ಒಳ್ಳೆಯದು ಅಂತ ಕೇಳುವ ಮೊದಲು, ಆಟದಲ್ಲಿ ನಿಮಗೆ ಕಿರಿಕಿರಿ ಆಗುತ್ತಿರುವುದು ಏನು ಅಂತ ನೋಡಿಕೊಳ್ಳಿ. ಬೀಗ ಹಾಕಿಟ್ಟ ಆಟಗಾರರೋ, ಹೊಡೆದಾಟದ ಕಷ್ಟವೋ, ಹಳೆಯ ಮುಖಗಳೋ? ಮೂರಕ್ಕೂ ಮದ್ದು ಬೇರೆ ಬೇರೆ.

ಬೀಗ ತೆಗೆಯುವುದು

ಇದು ಸುಲಭದ ಕೆಲಸ. ಇದರಲ್ಲಿ ನನಗೆ ಯಾವ ಮುಜುಗರವೂ ಇಲ್ಲ. ನಿಂಟೆಂಡೊ 64ರಲ್ಲಿ 2000ನೇ ಇಸವಿಯಲ್ಲಿ ಬಂದ 'ಡಬ್ಲ್ಯುಡಬ್ಲ್ಯುಎಫ್ ನೋ ಮರ್ಸಿ'ಯಲ್ಲಿ ಸ್ಮ್ಯಾಕ್‌ಡೌನ್ ಮಾಲ್ ಅಂತ ಒಂದು ಅಂಗಡಿ ಇದೆ. ಆಡಿ ಗಳಿಸಿದ ದುಡ್ಡು ಕೊಟ್ಟು ಅಲ್ಲಿ ಆಟಗಾರರು, ಬಟ್ಟೆ, ಪಟ್ಟುಗಳನ್ನು ಕೊಳ್ಳಬೇಕು. ಹಿಯರ್ ಕಮ್ಸ್ ದ ಪೇನ್‌ನಲ್ಲೂ ಅಂಥದೇ ಅಂಗಡಿ. ಹದಿಮೂರು ವರ್ಷಕ್ಕೆ ಇದು ಮಜಾ. ಮಗುವನ್ನು ಮಲಗಿಸಿ ರಾತ್ರಿ ಅರ್ಧ ಗಂಟೆ ಆಡುವವರಿಗೆ ಇದು ಕೂಲಿ ಕೆಲಸ.

ಇಲ್ಲಿ ದಾರಿ ಎರಡು. ಒಂದು, ದುಡ್ಡಿನ ಚೀಟ್ ಕೋಡ್ ಹಾಕುವುದು. ಇನ್ನೊಂದು, ಯಾರೋ ಪೂರ್ತಿ ಆಡಿ ಮುಗಿಸಿದ ಸೇವ್ ಫೈಲ್ ತಂದು ಹಾಕಿಕೊಳ್ಳುವುದು. ನನ್ನ ಮತ ಎರಡನೆಯದಕ್ಕೆ. ಯಾಕೆ ಅಂತ ತಿಳಿಯಬೇಕಾದರೆ ಕೋಡ್ ಒಳಗೆ ಎಂತ ಮಾಡುತ್ತದೆ ಅಂತ ಸ್ವಲ್ಪ ನೋಡಬೇಕು.

ಗೇಮ್ ನಡೆಯುವಾಗ ಎಲ್ಲವೂ ಮೆಮೊರಿಯಲ್ಲಿ ಅಂಕಿಗಳಾಗಿ ಇರುತ್ತದೆ. ನಿಮ್ಮ ಕೈಯಲ್ಲಿರುವ ದುಡ್ಡು, ಎದುರಾಳಿಗೆ ಆದ ಪೆಟ್ಟು, ಕೂಡಿಟ್ಟ ಫಿನಿಷರ್‌ಗಳು (ಎದುರಾಳಿಯನ್ನು ಮುಗಿಸುವ ದೊಡ್ಡ ಪಟ್ಟುಗಳು), ಒಂದೊಂದಕ್ಕೂ ಒಂದೊಂದು ಜಾಗ. ಚೀಟ್ ಕೋಡ್ ಅಂದರೆ ಒಂದು ಜಾಗದ ವಿಳಾಸ, ಅದರ ಪಕ್ಕದಲ್ಲಿ ಒಂದು ಬೆಲೆ. "ಈ ಮನೆಯಲ್ಲಿ ಈ ಅಂಕಿ ಬರೆ" ಅಂತ ಅರ್ಥ. ಬರೆದು ಸುಮ್ಮನಾಗುವುದಿಲ್ಲ, ಪದೇ ಪದೇ ಬರೆಯುತ್ತಲೇ ಇರುತ್ತದೆ. ಆಟ ಸಾವಿರ ಕಳೆಯುತ್ತದೆ, ಕೋಡ್ ವಾಪಸ್ ತುಂಬಿಸುತ್ತದೆ. ನಿಂಟೆಂಡೊ 64ಕ್ಕೆ ಗೇಮ್‌ಶಾರ್ಕ್, ಪ್ಲೇಸ್ಟೇಷನ್ 2ಕ್ಕೆ ಆ್ಯಕ್ಷನ್ ರಿಪ್ಲೇ, ಕೋಡ್‌ಬ್ರೇಕರ್ ಎಲ್ಲ ಮಾಡುತ್ತಿದ್ದದ್ದು ಇದನ್ನೇ. ಇವತ್ತಿನ ಎಮ್ಯುಲೇಟರ್‌ಗಳು, ಅಂದರೆ ಹಳೆ ಯಂತ್ರದ ಆಟವನ್ನು ಕಂಪ್ಯೂಟರ್ ಅಥವಾ ಫೋನಿನಲ್ಲಿ ಓಡಿಸುವ ಪ್ರೋಗ್ರಾಂಗಳು, ಮಾಡುವುದೂ ಇದನ್ನೇ.

ತೊಂದರೆ ಬರುವುದು ಆ ವಿಳಾಸದಿಂದ. ಅಮೆರಿಕದ ಡಿಸ್ಕ್‌ನಲ್ಲಿ ದುಡ್ಡು ಇರುವ ಮನೆಯಲ್ಲಿ ಯುರೋಪಿನ ಡಿಸ್ಕ್‌ನಲ್ಲಿ ಬೇರೆ ಯಾರೋ ವಾಸ. ಅಲ್ಲಿ ಹೋಗಿ ಅಂಕಿ ಬರೆದರೆ ಆಟ ನಿಂತುಹೋಗಬಹುದು, ಇಲ್ಲವೇ ಮೇಲ್ನೋಟಕ್ಕೆ ಏನೂ ಆಗದೆ ಒಳಗೊಳಗೇ ಸೇವ್ ಹಾಳಾಗಬಹುದು. ನಮ್ಮ ಕಡೆ ಎನ್‌ಟಿಎಸ್‌ಸಿ (ಅಮೆರಿಕದ್ದು), ಪಾಲ್ (ಯುರೋಪಿನದು) ಎರಡೂ ನಮೂನೆಯ ಡಿಸ್ಕ್‌ಗಳು ಓಡಾಡಿದವು. ಹಾಗಾಗಿ ಈ ಗೊಂದಲ ನಮಗೆ ಸ್ವಲ್ಪ ಜಾಸ್ತಿಯೇ.

ಇದನ್ನು ನಾನು ಪುಸ್ತಕ ಓದಿ ಕಲಿತದ್ದಲ್ಲ. ಕಾಲೇಜು ದಿನಗಳಲ್ಲಿ ಗ್ರೀನ್ ಸ್ಟ್ರೀಟ್ ಹಿಂದಿನ ಓಣಿಯಲ್ಲಿ ಒಂದು ಗೇಮ್ ಅಂಗಡಿ ಇತ್ತು. ಗಂಟೆಗೆ ಹತ್ತು ರೂಪಾಯಿ, ಎರಡು ಟಿವಿ, ಒಂದು ಟೇಬಲ್ ಫ್ಯಾನ್. ಅಂಗಡಿಯ ಮೆಮೊರಿ ಕಾರ್ಡ್ ಅಂದರೆ ಊರಿನ ಆಸ್ತಿ. ಅದರಲ್ಲಿ ನಾನು ಮಾಡಿಟ್ಟ ಒಬ್ಬ ರೆಸ್ಲರ್ ಇದ್ದ. ಕೆಂಪು ಚಡ್ಡಿ, ನಮ್ಮ ಪಿ.ಟಿ. ಮಾಸ್ತರರ ಮೀಸೆ. ಒಂದು ದಿನ ಯಾರೋ ಚೀಟ್ ಸಿಡಿ ಹಾಕಿ ಆಡಿ, ಅದರ ಮೇಲೆಯೇ ಸೇವ್ ಮಾಡಿ ಹೋಗಿದ್ದರು. ಮರುದಿನ ಕಾರ್ಡ್ ಓಪನ್ ಆಗಲಿಲ್ಲ. ಮೂರು ತಿಂಗಳ ಮೀಸೆ ಹೋಯಿತು!

ಅದಕ್ಕೇ ಸೇವ್ ಫೈಲ್ ಮೇಲು ಅನ್ನುವುದು. ಅದು ಒಂದೇ ಸಲ ಬಂದು ಕೂರುತ್ತದೆ, ಆಮೇಲೆ ಯಾರೂ ಮೆಮೊರಿಗೆ ಕೈ ಹಾಕುವುದಿಲ್ಲ. ಪ್ಲೇಸ್ಟೇಷನ್ 2ರ ಸೇವ್‌ಗಳು ಮ್ಯಾಕ್ಸ್, ಪಿಎಸ್‌ಯು, ಸಿಬಿಎಸ್ ಅಂತ ಬೇರೆ ಬೇರೆ ರೂಪದಲ್ಲಿ ಸಿಗುತ್ತವೆ. ಮೈಎಂಸಿ ಅನ್ನುವ ಪುಟ್ಟ ಪ್ರೋಗ್ರಾಂ ಇವನ್ನು ಪಿಸಿಎಸ್‌ಎಕ್ಸ್2 ಎಮ್ಯುಲೇಟರ್‌ನ ಮೆಮೊರಿ ಕಾರ್ಡ್ ಒಳಗೆ ಹಾಕಿಕೊಡುತ್ತದೆ. ಒಂದೇ ಎಚ್ಚರಿಕೆ: ಬಂದ ಸೇವ್ ನಿಮ್ಮ ಸೇವ್ ಮೇಲೆ ಕೂತರೆ ನಿಮ್ಮದು ಹೋದಂತೆಯೇ. ಅದಕ್ಕೆ ಬೇರೆಯೇ ಒಂದು ಕಾರ್ಡ್ ಮಾಡಿಕೊಳ್ಳಿ. ಎಮ್ಯುಲೇಟರ್‌ನಲ್ಲಿ ಕಾರ್ಡ್‌ಗೆ ಕಾಸು ಕೊಡಬೇಕಾಗಿಲ್ಲವಲ್ಲ.

ಕೋಡೇ ಬೇಕು ಅನ್ನುವ ಸಂದರ್ಭವೂ ಇದೆ. ನೋ ಮರ್ಸಿಯ ಮೊದಲ ಕಾರ್ಟ್ರಿಜ್‌ಗಳಲ್ಲಿ ಒಂದು ದೋಷವಿತ್ತು. ಕೂಡಿಟ್ಟದ್ದೆಲ್ಲ ಒಮ್ಮೆಲೇ ಅಳಿಸಿಹೋಗುತ್ತಿತ್ತು. ಅಂಥ ಕಾರ್ಟ್ರಿಜ್ ಹಿಡಿದು ಕೂತವನು ಎಲ್ಲ ತೆರೆಯುವ ಕೋಡ್ ಹಾಕಿದರೆ ಅದನ್ನು ಮೋಸ ಅನ್ನಲು ನನಗೆ ಮನಸ್ಸು ಬರುವುದಿಲ್ಲ. ಇನ್ನು, ಆಟದವರೇ ಇಟ್ಟ ಗುಟ್ಟಿನ ಪದಗಳೂ ಇರುತ್ತವೆ. 'ಸ್ಮ್ಯಾಕ್‌ಡೌನ್ ವರ್ಸಸ್ ರಾ 2010'ರಲ್ಲಿ ಚೀಟ್ ಕೋಡ್ ಜಾಗದಲ್ಲಿ 'ದಿ ಗ್ರೇಟ್ ಒನ್' ಅಂತ ಇಂಗ್ಲಿಷಿನಲ್ಲಿ ಟೈಪ್ ಮಾಡಿದರೆ ದಿ ರಾಕ್ ಬರುತ್ತಾನೆ. ಇಂಥದು ಇದ್ದರೆ ಬೇರೆ ಏನನ್ನೂ ಹುಡುಕಬೇಡಿ.

ಹೊಡೆದಾಟಕ್ಕೆ ಕೈ ಹಾಕುವ ಚೀಟ್

ಇದರಲ್ಲಿ ನಾನು ಸ್ವಲ್ಪ ಗಡುಸು. ಪೆಟ್ಟೇ ತಾಗದ ಕೋಡ್, ಫಿನಿಷರ್ ಮುಗಿಯದ ಕೋಡ್, ಎದುರಾಳಿ ಏಳದ ಕೋಡ್. ಎಲ್ಲ ಇವೆ, ಎಲ್ಲ ಕೆಲಸ ಮಾಡುತ್ತವೆ. ಆಮೇಲೆ ಆಟದಲ್ಲಿ ಆಡುವುದಕ್ಕೆ ಏನೂ ಉಳಿಯುವುದಿಲ್ಲ.

ನೋ ಮರ್ಸಿಯನ್ನೇ ತೆಗೆದುಕೊಳ್ಳಿ. ಜಪಾನಿನ ಎಕೆಐ ಕಂಪನಿ ಮಾಡಿದ ಆ ಸಾಲಿನ ಆಟಗಳಲ್ಲಿ ಮಾಮೂಲಿ ಹೊಡೆದಾಟದ ಗೇಮ್‌ಗಳಂತೆ ಖಾಲಿಯಾಗುತ್ತ ಹೋಗುವ ಜೀವದ ಪಟ್ಟಿ ಇಲ್ಲ. ಇರುವುದು ಹುಮ್ಮಸ್ಸಿನ ಒಂದು ಮೀಟರ್ ಮಾತ್ರ. ಬಟನ್ ಮೆಲ್ಲ ಒತ್ತಿದರೆ ಸಣ್ಣ ಹಿಡಿತ, ಒತ್ತಿ ಹಿಡಿದರೆ ದೊಡ್ಡ ಹಿಡಿತ. ದೊಡ್ಡದಕ್ಕೆ ಹೋಗುವಾಗ ಎದುರಿನವನು ತಪ್ಪಿಸಿಕೊಳ್ಳುವ ಭಯ. ಸಣ್ಣ ಪಟ್ಟುಗಳಿಂದ ದಣಿಸಿ, ಮೀಟರ್ ಏರಿಸಿ, ಅದು ತುಂಬಿ ಮಿನುಗುವಾಗ ಫಿನಿಷರ್. ಆ ಮೀಟರ್ ಸದಾ ತುಂಬಿರಲಿ ಅಂತ ಕೋಡ್ ಹಾಕಿದರೆ, ಗಂಟೆ ಬಾರಿಸುತ್ತಿದ್ದಂತೆ ಫಿನಿಷರ್. ಮತ್ತೆ ಫಿನಿಷರ್. ಯಕ್ಷಗಾನಕ್ಕೆ ಹೋಗಿ ಒಡ್ಡೋಲಗ, ಮಾತು, ಪದ್ಯ ಯಾವುದೂ ಬೇಡ, ಬರೀ ರಾಕ್ಷಸನ ವಧೆ ಆಡಿ ಅಂದ ಹಾಗೆ. ಹಳಿಯಾಳದ ಕಡೆ ಮಣ್ಣಿನ ಕುಸ್ತಿ ನೋಡಿದವರಿಗೂ ಗೊತ್ತು, ಚಿತ್ ಆಗುವುದು ಒಂದು ಕ್ಷಣದ ಮಾತು, ಅದಕ್ಕಿಂತ ಮೊದಲು ಕೈ ಕೈ ಬೆಸೆದು ತೂಗುವ ಹೊತ್ತಿನಲ್ಲೇ ಮಜಾ ಇರುವುದು.

ಇಬ್ಬರು ಕೂತು ಆಡುವಾಗಲಂತೂ ಬೇಡವೇ ಬೇಡ. ನಮ್ಮ ಅಂಗಡಿಯಲ್ಲಿ ಇದಕ್ಕೆ ಜಗಳಗಳೇ ಆಗಿವೆ. ಅದಕ್ಕೂ ಮೊದಲಿನ ಕಾಲದಲ್ಲಿ ಚೀಟ್ ಕೈಯಲ್ಲೇ ಇರುತ್ತಿತ್ತು. 1993ರ 'ಡಬ್ಲ್ಯುಡಬ್ಲ್ಯುಎಫ್ ರಾಯಲ್ ರಂಬಲ್'ನಂಥ ಆಟಗಳಲ್ಲಿ ಇಬ್ಬರು ಹಿಡಿತಕ್ಕೆ ಬಿದ್ದಾಗ ಯಾರು ಜೋರಾಗಿ ಬಟನ್ ಕುಟ್ಟುತ್ತಾರೋ ಅವರೇ ಗೆಲ್ಲುವುದು. ಟರ್ಬೊ ಬಟನ್ ಇರುವ ಪ್ಯಾಡ್ ಸಿಕ್ಕವನು ಅಲ್ಲಿ ರಾಜ. ನಾನೂ ಆ ಪ್ಯಾಡ್‌ಗೆ ಕಾದು ಕೂತವನೇ, ಹಾಗಾಗಿ ಜಾಸ್ತಿ ಮಾತಾಡುವ ಹಾಗಿಲ್ಲ.

ಒಂದು ವಿನಾಯಿತಿ ಕೊಡುತ್ತೇನೆ. ಅಳಿಯನ ತಂಗಿಗೆ ಆರು ವರ್ಷ. ಅವಳಿಗೆ ಬೇಕಾದದ್ದು ರೇ ಮಿಸ್ಟೀರಿಯೊ ಹಾರುವುದು, ಅಷ್ಟೇ. ಅವಳು ಆಡುವಾಗ ಪೆಟ್ಟು ತಾಗದ ಕೋಡ್ ಹಾಕಿಡಿ, ಅಣ್ಣನಿಗೆ ಹೇಳಬೇಡಿ.

ಪಿಸಿಎಸ್‌ಎಕ್ಸ್2ನಲ್ಲಿ ಈ ಕೋಡ್‌ಗಳು ಪಿ-ಎನ್-ಎ-ಸಿ-ಎಚ್ ಅನ್ನುವ ಬಾಲವಿರುವ ಸಣ್ಣ ಟೆಕ್ಸ್ಟ್ ಫೈಲಿನಲ್ಲಿ ಕೂರುತ್ತವೆ. ಹಳೆಯ ಪಟ್ಟಿಗಳಲ್ಲಿ ಸಿಗುವ ಆ್ಯಕ್ಷನ್ ರಿಪ್ಲೇ ಕೋಡ್‌ಗಳು ಬೇರೆಯವರು ಓದಬಾರದು ಅಂತ ಕಲಸಿಟ್ಟ ರೂಪದಲ್ಲಿರುತ್ತವೆ. ಅವನ್ನು ಹಾಗೆಯೇ ಅಂಟಿಸಿದರೆ ಏನೂ ಆಗುವುದಿಲ್ಲ, ಓಮ್ನಿಕನ್ವರ್ಟ್‌ನಂಥ ಪ್ರೋಗ್ರಾಂನಲ್ಲಿ ಬಿಡಿಸಿಕೊಳ್ಳಬೇಕು. "ಕೋಡ್ ಕೆಲಸ ಮಾಡ್ತಿಲ್ಲ" ಅನ್ನುವವರು ಮೊದಲು ಡಿಸ್ಕ್ ಯಾವ ದೇಶದ್ದು ಅಂತ ನೋಡಿ, ಆಮೇಲೆ ಕೋಡ್ ಬಿಡಿಸಿದ್ದೋ ಅಂತ ನೋಡಿ. ನಾನು ಸಿಕ್ಕಿಬಿದ್ದದ್ದೆಲ್ಲ ಈ ಎರಡು ಕಡೆಯೇ. ಮತ್ತೆ, ಒಂದು ಸಲಕ್ಕೆ ಒಂದೇ ಕೋಡ್. ಹತ್ತು ಒಟ್ಟಿಗೆ ಹಾಕಿದರೆ ಆಟ ಕೆಡಿಸಿದ್ದು ಯಾವುದು ಅಂತ ಹಿಡಿಯಲಿಕ್ಕೆ ಆಗುವುದಿಲ್ಲ.

ಹಳೆ ಆಟಗಳ ಸಾಧನೆಗೆ ಪದಕ ಕೊಡುವ ರೆಟ್ರೊಅಚೀವ್‌ಮೆಂಟ್ಸ್ ಜಾಲತಾಣದಲ್ಲಿ ಪದಕ ಗಳಿಸುವ ಆಸೆ ಇದ್ದರೆ, ಅದರ ಹಾರ್ಡ್‌ಕೋರ್ ಮೋಡ್‌ನಲ್ಲಿ ಚೀಟೂ ಇಲ್ಲ, ಸೇವ್ ಸ್ಟೇಟ್ (ಎಲ್ಲಿ ಬೇಕೋ ಅಲ್ಲಿ ನಿಲ್ಲಿಸಿಟ್ಟ ಆಟ) ಲೋಡ್ ಮಾಡುವುದೂ ಇಲ್ಲ.

ಹೊಸ ಮುಖ ಬೇಕಾದರೆ

ಈಗ ಖಲಿ. ಹಿಯರ್ ಕಮ್ಸ್ ದ ಪೇನ್‌ಗೆ ಇವತ್ತಿಗೂ ಜನ ಮಾಡ್ ಮಾಡುತ್ತಿದ್ದಾರೆ ಅಂದರೆ ಅದಕ್ಕೆ ಕಾರಣವಿದೆ. ಯೂಕ್ಸ್ ಕಂಪನಿಯ ಆ ಸಾಲಿನ ಆಟಗಳಲ್ಲಿ ಎಲಿಮಿನೇಷನ್ ಚೇಂಬರ್ ಅನ್ನುವ ಪಂಜರದ ಪಂದ್ಯ ಮೊದಲು ಬಂದದ್ದು ಇದರಲ್ಲಿ. ಜಾನ್ ಸೀನಾ, ಬಟಿಸ್ಟಾ, ರ‍್ಯಾಂಡಿ ಆರ್ಟನ್ ಮೊದಲು ಕಾಣಿಸಿಕೊಂಡದ್ದೂ ಇದರಲ್ಲೇ. ಕೈ, ಕಾಲು, ತಲೆ, ಎದೆಗೆ ಬೇರೆ ಬೇರೆ ಪೆಟ್ಟಿನ ಲೆಕ್ಕ ಇದೆ. ಆದರೆ ಹಿಂದಿನ ವರ್ಷದ ಆಟದಲ್ಲಿದ್ದ ಹಲ್ಕ್ ಹೋಗನ್ ಇಲ್ಲ, ಜೆಫ್ ಹಾರ್ಡಿ ಇಲ್ಲ. ಆಮೇಲೆ ಬಂದವರಂತೂ ಇಲ್ಲವೇ ಇಲ್ಲ. ಅಡುಗೆ ಚೆನ್ನಾಗಿದೆ, ನೆಂಟರು ಕಡಿಮೆ.

ಮೊದಲು ಆಟದ ಒಳಗೇ ಇರುವ ದಾರಿ ನೋಡಿ, ಅಂದರೆ ನೀವೇ ರೆಸ್ಲರ್ ಮಾಡಿಕೊಳ್ಳುವ ಮೋಡ್. ಮುಖ, ಮೈ, ಬಟ್ಟೆ, ಪಟ್ಟು, ಒಳಗೆ ಬರುವ ರೀತಿ ಎಲ್ಲ ನಿಮ್ಮ ಕೈಯಲ್ಲಿ. ಆಟ ಕೆಡುವ ಭಯ ಇಲ್ಲ. ಮುಖ ಪೂರ್ತಿ ಹೋಲುವುದಿಲ್ಲ, ಹತ್ತಿರ ಬರುತ್ತದೆ. ಆದರೆ ನಡಿಗೆ, ಪಟ್ಟು ಸರಿಯಾಗಿ ಕೊಟ್ಟರೆ ಐದು ನಿಮಿಷದಲ್ಲಿ ಮುಖ ಮರೆತೇಹೋಗುತ್ತದೆ. ಒಂದು ಎಚ್ಚರಿಕೆ, ಇದನ್ನು ಪ್ಲೇಸ್ಟೇಷನ್ 1ರ 'ಸ್ಮ್ಯಾಕ್‌ಡೌನ್! 2'ರಲ್ಲಿ ಮಾಡಲು ಹೊರಟರೆ ಪಕ್ಕದಲ್ಲಿ ಚಹಾ ಇಟ್ಟುಕೊಳ್ಳಿ. ಅದರ ಲೋಡಿಂಗ್ ಅಷ್ಟು ಉದ್ದ.

ಎರಡನೆಯದು ಟೆಕ್ಸ್ಚರ್ ಬದಲಿಸುವುದು. ಟೆಕ್ಸ್ಚರ್ ಅಂದರೆ ಬೊಂಬೆಯ ಮೈಮೇಲೆ ಅಂಟಿಸಿದ ಚಿತ್ರ. ಈಗಿನ ಪಿಸಿಎಸ್‌ಎಕ್ಸ್2ನಲ್ಲಿ ಆಟದ ನಂಬರಿನ ಫೋಲ್ಡರ್ ಒಳಗೆ ಬದಲಿ ಚಿತ್ರಗಳನ್ನು ಹಾಕಿಟ್ಟರೆ, ಆಟ ಹಳೆಯ ಚಿತ್ರ ಕೇಳಿದಾಗ ಎಮ್ಯುಲೇಟರ್ ಹೊಸದನ್ನು ಕೊಡುತ್ತದೆ. ಡಿಸ್ಕ್ ಫೈಲಿಗೆ ಕೈ ತಾಗುವುದಿಲ್ಲ. ಬೇಡವಾದರೆ ಫೋಲ್ಡರ್ ತೆಗೆದರೆ ಮೊದಲಿನ ಹಾಗೆ. ಮಾಡ್ ಮಾಡಿಯೇ ನೋಡಬೇಕು ಅನ್ನುವ ಹೊಸಬರಿಗೆ ನಾನು ಹೇಳುವುದು ಇದನ್ನೇ.

ಇದರ ಮಿತಿಯೂ ಗೊತ್ತಿರಲಿ. ಯಕ್ಷಗಾನದ ಚೌಕಿಯಲ್ಲಿ ಕೂತು ವೇಷ ಬದಲಿಸಿದ ಹಾಗೆ ಇದು. ಬಣ್ಣ ಹೊಸದು, ಕಿರೀಟ ಹೊಸದು, ಕುಣಿಯುವ ಕಾಲು ಮಾತ್ರ ಮೊದಲಿನವನದೇ. ಗೋಲ್ಡ್‌ಬರ್ಗ್ ಮೈಮೇಲೆ ರೋಮನ್ ರೇನ್ಸ್ ಮುಖ ಅಂಟಿಸಿದರೆ ಅವನು ಗೋಲ್ಡ್‌ಬರ್ಗ್ ಹಾಗೆಯೇ ನಡೆಯುತ್ತಾನೆ. ಮೈಕಟ್ಟು ಹತ್ತಿರ ಇರುವವರನ್ನೇ ಆರಿಸಿದರೆ ಮಾತ್ರ ಕಣ್ಣಿಗೆ ಒಗ್ಗುತ್ತದೆ.

ಮೂರನೆಯದು ಪೂರ್ತಿ ಮಾಡ್. ಡಿಸ್ಕ್ ಒಳಗಿನ ಪ್ಯಾಕ್ ಫೈಲ್‌ಗಳನ್ನು ಬಿಚ್ಚಿ ಬೊಂಬೆ, ಚಿತ್ರ, ಹಾಡು, ಅಖಾಡ, ಹೆಸರು ಎಲ್ಲ ಬದಲಿಸಿ ಮತ್ತೆ ಕಟ್ಟುವುದು. ಒಳ್ಳೆಯವು ನಿಜಕ್ಕೂ ಬೆರಗು ಹುಟ್ಟಿಸುತ್ತವೆ. ಇಪ್ಪತ್ತು ವರ್ಷ ಹಳೆಯ ಆಟದಲ್ಲಿ ಇವತ್ತಿನ ರಾ ಕಾರ್ಯಕ್ರಮ ನಡೆಯುತ್ತದೆ. ಆದರೆ ಸಿಂಗಲ್ಸ್ ಪಂದ್ಯದಲ್ಲಿ ಸರಿಯಾಗಿ ಓಡಿದ್ದು ಆರು ಜನ ಇರುವ ಪಂದ್ಯದಲ್ಲಿ ನಿಂತುಹೋಗಬಹುದು, ಸೀಸನ್ (ಪಂದ್ಯದ ಮೇಲೆ ಪಂದ್ಯವಾಗಿ ಸಾಗುವ ಕಥೆ) ಮಧ್ಯದಲ್ಲಿ ಕೈಕೊಡಬಹುದು. ಸೀಸನ್ ಶುರು ಮಾಡುವ ಮೊದಲು ಒಂದೊಂದು ಬಗೆಯ ಪಂದ್ಯ ಆಡಿ ನೋಡಿ. ಪ್ಯಾಚ್ ರೂಪದಲ್ಲಿ, ಅಂದರೆ ಎಕ್ಸ್‌ಡೆಲ್ಟಾ ಅಥವಾ ಬಿಪಿಎಸ್ ಆಗಿ ಸಿಕ್ಕರೆ ಅದನ್ನೇ ಆರಿಸಿ. ಅದರಲ್ಲಿ ವ್ಯತ್ಯಾಸ ಮಾತ್ರ ಇರುತ್ತದೆ. ನಿಮ್ಮ ಸ್ವಂತ ಡಿಸ್ಕ್‌ನಿಂದ ತೆಗೆದ ಪ್ರತಿಯ ಮೇಲೆ ನೀವೇ ಹಾಕಿಕೊಳ್ಳಬಹುದು. ಆ ಪ್ರತಿ ಅವರು ಬಳಸಿದ ಪ್ರತಿಯಂತೆಯೇ ಇರಬೇಕು, ಒಂದು ಬೈಟ್ ಆಚೀಚೆ ಆದರೂ ಪ್ಯಾಚ್ ಒಪ್ಪುವುದಿಲ್ಲ. ಮೂಲ ಪ್ರತಿಯನ್ನು ಬೇರೆ ಕಡೆ ಎತ್ತಿಡಿ.

ಮಾಡ್ ಹಾಕಿದ ಮೇಲೆ ಚೀಟ್ ಯಾಕೆ ನಡೆಯುವುದಿಲ್ಲ ಅಂತ ಕೆಲವರು ತಲೆ ಕೆರೆದುಕೊಳ್ಳುತ್ತಾರೆ. ಪಿಸಿಎಸ್‌ಎಕ್ಸ್2 ಚೀಟ್ ಫೈಲನ್ನು ಹುಡುಕುವುದು ಆಟದ ಮುಖ್ಯ ಪ್ರೋಗ್ರಾಂನಿಂದ ಲೆಕ್ಕ ಹಾಕಿದ ಒಂದು ಗುರುತಿನ ಮೇಲೆ. ಮಾಡ್ ಆ ಪ್ರೋಗ್ರಾಂ ಅನ್ನೇ ಮುಟ್ಟಿದ್ದರೆ ಗುರುತು ಬದಲು. ಚೀಟ್ ಫೈಲ್ ಬಾಗಿಲಲ್ಲೇ ನಿಲ್ಲುತ್ತದೆ.

ನಿಂಟೆಂಡೊ 64 ಕಡೆ ನನ್ನ ಅನುಭವ ಎಮ್ಯುಲೇಟರ್‌ದು ಮಾತ್ರ. ಆ ಕನ್ಸೋಲ್ ಅನ್ನು ನಮ್ಮ ಊರಲ್ಲಿ ನಾನು ಕಣ್ಣಾರೆ ಕಂಡಿಲ್ಲ. ನೋ ಮರ್ಸಿಯ ಕಾರ್ಟ್ರಿಜ್ ಬರೀ 32 ಎಂಬಿ, ಹಾಗಾಗಿ ಅದರ ಮಾಡ್‌ಗಳು ಬೇಗ ಇಳಿಯುತ್ತವೆ, ಹಳೆ ಲ್ಯಾಪ್‌ಟಾಪ್‌ನಲ್ಲೂ ಓಡುತ್ತವೆ. ನಿಮ್ಮ ಯಂತ್ರ ಬಡಕಲಾಗಿದ್ದರೆ ಪ್ಲೇಸ್ಟೇಷನ್ 2ರ ಹಿಂದೆ ಬೀಳುವ ಬದಲು ಇದನ್ನೇ ಹಿಡಿಯಿರಿ.

ಫೋನಿನಲ್ಲಿ ಆಡುವವರಿಗೆ

ಅಳಿಯನ ಫೋನಿನಲ್ಲಿ 'ಡಬ್ಲ್ಯುಡಬ್ಲ್ಯುಇ 2ಕೆ24' ಇತ್ತು, ಪಿಪಿಎಸ್‌ಎಸ್‌ಪಿಪಿ ಎಮ್ಯುಲೇಟರ್‌ನಲ್ಲಿ. ಅವನು ಅದನ್ನು ನಿಜ ಅಂತಲೇ ನಂಬಿದ್ದ. ಆ ಎಮ್ಯುಲೇಟರ್ ಓಡಿಸುವುದು ಪಿಎಸ್‌ಪಿ ಅನ್ನುವ ಸೋನಿಯ ಕೈಗೇಮ್‌ನ ಆಟಗಳನ್ನು, ಅದಕ್ಕೆ 2ಕೆ24 ಬಂದೇ ಇಲ್ಲ. ಆ ಕೈಗೇಮ್ ಕಾಲವಾಗಿ ಎಷ್ಟೋ ವರ್ಷ ಆಯಿತು. ಇಂಥ ಹೆಸರಿನಲ್ಲಿ ಓಡಾಡುವುದು ಹೆಚ್ಚಾಗಿ ಪಿಎಸ್‌ಪಿಯ 'ಸ್ಮ್ಯಾಕ್‌ಡೌನ್ ವರ್ಸಸ್ ರಾ 2011', ಮೇಲೆ ಹೊಸ ವೇಷ. 'ಹಿಯರ್ ಕಮ್ಸ್ ದ ಪೇನ್ ಪಿಪಿಎಸ್‌ಎಸ್‌ಪಿಪಿ' ಅಂತ ಸಿಗುವುದೂ ಅಷ್ಟೇ, ಆ ಆಟ ಪ್ಲೇಸ್ಟೇಷನ್ 2 ಬಿಟ್ಟು ಬೇರೆಲ್ಲೂ ಬಂದಿಲ್ಲ. ಆಡಬೇಡಿ ಅನ್ನುತ್ತಿಲ್ಲ. ಫೋನಿನಲ್ಲಿ ಬಸ್ಸಲ್ಲಿ ಕೂತು ಆಡಲಿಕ್ಕೆ ಅದು ಚೆನ್ನಾಗಿಯೇ ಇದೆ. ಆದರೆ ಮೊದಲು ಆ್ಯಪ್ ಹಾಕಿ, ನಂಬರ್ ಕೊಡಿ, ಪಾಸ್‌ವರ್ಡ್‌ಗೆ ವಿಡಿಯೊ ನೋಡಿ ಅನ್ನುವ ಜಿಪ್ ಫೈಲ್‌ಗಳಿಂದ ದೂರ ಇರಿ. ಚೀಟ್ ಬೇಕಾದರೆ ಪಿಪಿಎಸ್‌ಎಸ್‌ಪಿಪಿ ಸೆಟ್ಟಿಂಗ್ಸ್‌ನಲ್ಲೇ ಅದನ್ನು ಆನ್ ಮಾಡುವ ಜಾಗ ಇದೆ, ಸಿಡಬ್ಲ್ಯುಚೀಟ್ ನಮೂನೆಯ ಕೋಡ್ ಹಾಕಬಹುದು. ಆದರೆ ವೇಷ ಬದಲಿಸಿದ ಫೈಲಿಗೆ ಮೂಲ ಆಟದ ಕೋಡ್ ಹೊಂದಿಯೇ ಹೊಂದುತ್ತದೆ ಅನ್ನುವ ಹಾಗಿಲ್ಲ.

ಅಟ್ಟದ ಮೇಲೆ ನಿಜವಾದ ಪ್ಲೇಸ್ಟೇಷನ್ 2 ಇದ್ದರೆ ಅದೃಷ್ಟ. ಕರಾವಳಿಯ ಉಪ್ಪು ಗಾಳಿಗೆ, ಮಳೆಗಾಲದ ತೇವಕ್ಕೆ ಡಿಸ್ಕ್ ಬೂಷ್ಟು ಹಿಡಿದು ಲೆನ್ಸ್ ಮಂಕಾಗಿರುತ್ತದೆ. ಡಿಸ್ಕ್ ಬಿಟ್ಟು ಓಪನ್ ಪಿಎಸ್2 ಲೋಡರ್ ಮೂಲಕ ಪೆನ್‌ಡ್ರೈವ್‌ನಿಂದ ಆಡಿಸಬಹುದು, ಚೀಟೂ ಹಾಕಬಹುದು. ಅದರ ಯುಎಸ್‌ಬಿ ಹಳೆಯ 1.1, ಹಾಗಾಗಿ ರೆಸ್ಲರ್ ಒಳಗೆ ಬರುವ ವಿಡಿಯೊಗಳು ತಡವರಿಸುತ್ತವೆ. ಪಂದ್ಯ ಶುರುವಾದ ಮೇಲೆ ಅಷ್ಟು ಗೊತ್ತಾಗುವುದಿಲ್ಲ.

ಸೇವ್ ಸ್ಟೇಟ್ ಬಗ್ಗೆ ಒಂದು ಮಾತು. ಎಲ್ಲಿ ಬೇಕಾದರೂ ಆಟ ನಿಲ್ಲಿಸಿ ಅಲ್ಲಿಂದಲೇ ಮುಂದುವರಿಸುವ ಈ ಸೌಕರ್ಯವನ್ನು ನಾನೂ ಬಳಸುತ್ತೇನೆ. ಕರೆಂಟ್ ಯಾವಾಗ ಹೋಗುತ್ತದೋ ಹೇಳಲಿಕ್ಕಾಗದ ಊರಿನಲ್ಲಿ ಬಳಸದೆ ಗತಿ ಇಲ್ಲ. ಆದರೆ ಎಮ್ಯುಲೇಟರ್ ಅಪ್‌ಡೇಟ್ ಆದರೆ ಹಳೆಯ ಸ್ಟೇಟ್ ತೆರೆಯದೆ ಹೋಗಬಹುದು. ಆಟದ ಒಳಗಿನ ಸೇವ್ ಅನ್ನೂ ಮಾಡುತ್ತಿರಿ.

ಅಷ್ಟರಲ್ಲಿ ಸೋಮವಾರ ಮಧ್ಯಾಹ್ನ ಆಗಿತ್ತು. ನಾನು ಅಳಿಯನಿಗೆ ಮಾಡ್ ಹಾಕಿಕೊಡಲಿಲ್ಲ. ಇಬ್ಬರೂ ಕೂತು ಖಲಿಯನ್ನು ನಾವೇ ಮಾಡಿದೆವು. ಎತ್ತರವನ್ನು ಕೊನೆಯವರೆಗೆ ಎಳೆದೆವು, ಉದ್ದ ಕೂದಲು, ಕರಿ ಪ್ಯಾಂಟು, ನಿಧಾನದ ನಡಿಗೆ. ತಲೆಯ ಮೇಲೆ ಕೈಯಿಂದ ಬಡಿಯುವಂಥ ಪಟ್ಟು ಹುಡುಕಿ ಸಾಕಾಯಿತು, ಹತ್ತಿರದ್ದು ಒಂದನ್ನು ಹಾಕಿದೆವು. ಮುಖ ನಮ್ಮ ಹಳೆ ಪಿ.ಟಿ. ಮಾಸ್ತರರನ್ನೇ ಹೋಲುತ್ತಿತ್ತು. ಅದು ನನ್ನ ಕೈಗುಣ ಇರಬೇಕು.

ಬುಧವಾರ ಬೆಳಿಗ್ಗೆ ಮೆಮೊರಿ ಕಾರ್ಡ್ ಫೈಲನ್ನು ಪೆನ್‌ಡ್ರೈವ್‌ಗೆ ಹಾಕಿಕೊಂಡು ಶಿರಸಿ ಬಸ್ ಹತ್ತಿದ. ಭಾವನ ಹತ್ತಿರ ಅದೇ ಆಟದ ಡಿಸ್ಕ್ ಇದೆ, ಲ್ಯಾಪ್‌ಟಾಪ್‌ನಲ್ಲಿ ಎಲ್ಲ ಹೊಂದಿಸಿ ಆಗಿದೆ. ರಾತ್ರಿ ಒಂಬತ್ತಕ್ಕೆ ಫೋನ್ ಬಂತು.

"ಮಾವ, ಕಾರ್ಡ್ ಇದೆ, ಖಲಿ ಕಾಣ್ತಾನೇ ಇಲ್ಲ."

"ಅಪ್ಪನ ಡಿಸ್ಕ್ ಮೇಲೆ ಎಂತ ಬರೆದಿದೆ ನೋಡು. ಪಾಲ್ ಅಂತ ಇದೆಯಾ?"

ಇತ್ತು. ನನ್ನದು ಎನ್‌ಟಿಎಸ್‌ಸಿ. ಸೇವ್ ಇರುವುದು ಆಯಾ ಡಿಸ್ಕ್‌ನ ನಂಬರಿನ ಹೆಸರಲ್ಲಿ, ಆ ಆಟ ಇದನ್ನು ತನ್ನದು ಅಂತ ಗುರುತಿಸುವುದೇ ಇಲ್ಲ. ಮುಂದಿನ ರಜೆಗೆ ನನ್ನ ಡಿಸ್ಕ್ ಒಯ್ಯುತ್ತಾನಂತೆ. ಅಲ್ಲಿಯವರೆಗೆ ಖಲಿ ಘಟ್ಟದ ಕೆಳಗೇ.